ಸತ್ತ ಮೇಲೆ ನಗುವ ಶಾಟು

ಎಲ್ಲರಿಗೂ ನಮಸ್ಕಾರ. ಈ ಬಿಸಿಲಿನಲ್ಲಿ ದೇವದುರ್ಗದಿಂದ, ಮಾನ್ವಿಯಿಂದ ಬಸ್ಸು ಹಿಡಿದು ಬಂದಿರುವ ಹಿರಿಯರಿಗೆ, ಯರಗೇರಾದ ವಿಶ್ವವಿದ್ಯಾಲಯದಿಂದ ಬಂದು ಗೋಡೆಗೆ ಒರಗಿ ನಿಂತಿರುವ ಮಕ್ಕಳಿಗೆ, ರಾಯಚೂರಿನ ಕಲಾವಿದ ಬಂಧುಗಳಿಗೆ — ಮತ್ತು ಮುಂದಿನ ಸಾಲಿನಲ್ಲಿ ಕುಳಿತಿರುವ ಸೂಗಮ್ಮನವರ ತಮ್ಮ ಬಸವಲಿಂಗಣ್ಣನವರಿಗೆ, ಅವರ ಮನೆಯವರಿಗೆ — ನಿಮ್ಮ ದುಃಖದಲ್ಲಿ ನನ್ನದೂ ಒಂದು ಪಾಲಿದೆ ಎಂದು ಹೇಳಿ ಮಾತು ಶುರು ಮಾಡುತ್ತೇನೆ.

ನನ್ನ ಮುಖ ನಿಮಗೆ ಯಾರಿಗೂ ಗೊತ್ತಿಲ್ಲ. ಗೊತ್ತಿರಬೇಕಾಗಿಯೂ ಇಲ್ಲ. ಆದರೆ ನಾನು ಮೈಕಿನ ಮುಂದೆ ಬಾಯಿ ತೆರೆದದ್ದೇ ತಡ, ಅಗೋ, ಎರಡನೇ ಸಾಲಿನಲ್ಲಿ ಹಸಿರು ಸೀರೆಯ ಅಮ್ಮ ಪಕ್ಕದವರನ್ನು ಮೊಣಕೈಯಿಂದ ತಿವಿದರು. ನೋಡಿದೆ, ನೋಡಿದೆ. ಹೌದಮ್ಮಾ, ನಿಮ್ಮ ಅನುಮಾನ ಸರಿ. ಇದು ಸೂಗಮ್ಮನವರ ದನಿಯೇ. ಅಂದರೆ, ನೀವು ಸಿನಿಮಾದಲ್ಲಿ ಸೂಗಮ್ಮನವರ ದನಿ ಎಂದು ಕೇಳಿದ್ದೀರಲ್ಲ, ಅದು.

ನನ್ನ ಹೆಸರು ಅನುರಾಧಾ. ನಾನು ಡಬ್ಬಿಂಗ್ ಕಲಾವಿದೆ. ಊರು ಮೈಸೂರು, ಕೆಲಸ ಬೆಂಗಳೂರಿನಲ್ಲಿ. ತೆರೆಯ ಮೇಲೆ ನಟಿಸುವವರು ಒಬ್ಬರು, ಕತ್ತಲೆ ಕೋಣೆಯಲ್ಲಿ ನಿಂತು ಅವರ ತುಟಿ ನೋಡಿಕೊಂಡು ಮಾತಾಡುವವರು ಇನ್ನೊಬ್ಬರು — ಅಂಥ ಇನ್ನೊಬ್ಬಳು ನಾನು. ಸೂಗಮ್ಮನವರ ಮೊದಲ ಸಿನಿಮಾದಿಂದ ಮೊನ್ನೆ ಮೊನ್ನೆಯವರೆಗೆ ಅವರ ಬಾಯಿಗೆ ಮಾತು ನಾನು. ನಿಮ್ಮ ಕಡೆಯ ಭಾಷೆ ಪಾತ್ರಕ್ಕೆ ಹೊಂದುವುದಿಲ್ಲ, ಜನಕ್ಕೆ ತಿಳಿಯುವುದಿಲ್ಲ ಎಂದು ಯಾರೋ ಒಬ್ಬ ನಿರ್ಮಾಪಕ ಒಂದು ದಿನ ಹೇಳಿದ. ಆಮೇಲೆ ಬಂದವರೆಲ್ಲ ಅದನ್ನೇ ಹೇಳಿದರು. ನಾನು ಇಲ್ಲಿ ಅದಕ್ಕೆ ಕ್ಷಮೆ ಕೇಳಲು ಬಂದಿಲ್ಲ. ಅದು ನನ್ನ ಕೆಲಸ, ಚೆನ್ನಾಗಿ ಮಾಡಿದ್ದೇನೆ. ಸೂಗಕ್ಕನೇ ಹಾಗೆ ಹೇಳುತ್ತಿದ್ದರು.

ನನಗಿಂತ ಮುಂಚೆ ಮಾತಾಡಿದ ಮಹನೀಯರು ಅವರನ್ನು ಕಲಾಲೋಕದ ಧ್ರುವತಾರೆ ಎಂದು ಕರೆದರು. ದೊಡ್ಡ ಮಾತು, ದೊಡ್ಡ ಮನಸ್ಸು. ಆದರೆ ಸೂಗಕ್ಕ ಕೇಳಿಸಿಕೊಂಡಿದ್ದರೆ ಸುಮ್ಮನೆ ಬಿಡುತ್ತಿರಲಿಲ್ಲ. "ಧ್ರುವತಾರಿ ಬಾಡಿಗಿ ರೂಮಿನಾಗ ಇರ್ತದೇನ್ರಿ? ನಳ ಬರೋ ಹೊತ್ತಿಗೆ ಕೊಡ ಹಿಡದು ಎದ್ದು ಓಡ್ತದೇನ್ರಿ?" ಎಂದು ಕೇಳುತ್ತಿದ್ದರು. ತಾರೆಗಳು ಬೇರೆ ಇದ್ದರು. ಇವರು ತಾರೆಗಳ ತಾಯಿ. ಅತ್ತೆ. ಶಾಲೆಯ ಆಯಾ. ಜೈಲಿನಲ್ಲಿ ಸೊಪ್ಪು ಬಿಡಿಸುವ ಮುದುಕಿ. ಮನೆ ಖಾಲಿ ಮಾಡಿ ಎನ್ನುವ ಮಾಲೀಕಳು. ಪೋಸ್ಟರಿನಲ್ಲಿ ಇವರ ಮುಖ ಎಂದೂ ಬಂದದ್ದಿಲ್ಲ. ಆದರೆ ಪೋಸ್ಟರಿನಲ್ಲಿದ್ದವರು ಅಳಬೇಕಾದರೆ ಎದುರಿಗೆ ಇವರು ಇರಬೇಕಾಗಿತ್ತು.

ಹೇಗೆ ಶುರುವಾಯಿತು ಎಂಬುದು ಇಲ್ಲಿ ಹಳಬರಿಗೆ ಗೊತ್ತು. ಚಿಕ್ಕವರಿಗಾಗಿ ಹೇಳುತ್ತೇನೆ. ಈ ಭಾಗದ ಹಳ್ಳಿಗಳಲ್ಲಿ ಹುಡುಗರು ಸೇರಿ ನಾಟಕ ಆಡುತ್ತಾರೆ. ಗಂಡು ಪಾತ್ರವೆಲ್ಲ ಊರವರೇ. ಹೆಣ್ಣು ಪಾತ್ರಕ್ಕೆ ಹೊರಗಿನಿಂದ ಕಲಾವಿದೆಯರನ್ನು ಕರೆಸುತ್ತಾರೆ. ದೇವದುರ್ಗದ ಸೂಗಮ್ಮ ಹಾಗೆ ಹೋಗುತ್ತಿದ್ದವರು. ಬಸ್ಸಿನಲ್ಲಿ ಕೂತು ಮಾತು ಬಾಯಿಪಾಠ ಮಾಡುವುದು, ಇಳಿದು ಬಣ್ಣ ಹಚ್ಚುವುದು. ಪೋತ್ನಾಳದಲ್ಲಿ ಒಂದು ಸಲ ಬೇರೆ ಊರಿನ ನಾಟಕದ ಮಾತು ಕಲಿತು ಹೋಗಿಬಿಟ್ಟಿದ್ದರಂತೆ. ಇವರು ಒಂದು ಕಥೆಯ ಹೆಂಡತಿ, ಎದುರಿಗಿದ್ದವನು ಇನ್ನೊಂದು ಕಥೆಯ ಗಂಡ. ಒಂದಿಡೀ ಅಂಕ ಹಾಗೇ ನಡೆಯಿತು. ಜನ ಚಪ್ಪಾಳೆ ತಟ್ಟಿದರು. "ಸಂಸಾರ ಅಂದ್ರ ಹಂಗೇ ಇರ್ತದಲ್ಲ, ಯಾರಿಗೂ ಗೊತ್ತೇ ಆಗ್ಲಿಲ್ಲ ನೋಡು," ಎಂದು ನನಗೆ ಹೇಳಿ ನಗುತ್ತಿದ್ದರು.

ಆಮೇಲೆ ದೇವದುರ್ಗದ ಹತ್ತಿರ, ಕೃಷ್ಣಾ ದಂಡೆಗೆ ಒಂದು ಸಿನಿಮಾ ತಂಡ ಬಂತು. ನಾಯಕನ ತಾಯಿ ಸಾಯುವ ದೃಶ್ಯ. ತಾಯಿ ಪಾತ್ರಕ್ಕೆ ಬಂದಿದ್ದ ಬೆಂಗಳೂರಿನ ನಟಿ ನಿಮ್ಮೂರಿನ ಬಿಸಿಲಿಗೆ ತಲೆ ತಿರುಗಿ ನಿಜವಾಗಿಯೂ ಮಲಗಿಬಿಟ್ಟರು. ಈಗ ಯಾರು ಸಾಯಬೇಕು? ನಾಟಕದ ಸೂಗಮ್ಮನನ್ನು ಕರೆಸಿದರು. ಸಾಯಲು ಬರುತ್ತದೇನಮ್ಮಾ ಎಂದು ನಿರ್ದೇಶಕರು ಕೇಳಿದರೆ, "ಬದುಕಾಕ ಕಷ್ಟರಿ, ಸಾಯಾಕ ಏನದ, ಮಲಗೋದು" ಎಂದು ಹೇಳಿ ಮಲಗಿದರು.

ನಾನು ಆ ದೃಶ್ಯವನ್ನು ಎಷ್ಟು ಸಲ ನೋಡಿದ್ದೇನೋ. ಬೇರೆ ನಟರು ಸಾಯುವಾಗ — ನೀವೂ ನೋಡಿದ್ದೀರಿ — ಹೀಗೆ, ತಲೆಯನ್ನು ಪಕ್ಕಕ್ಕೆ ವಾಲಿಸುತ್ತಾರೆ. ಸೂಗಕ್ಕ ವಾಲಿಸುತ್ತಿರಲಿಲ್ಲ. ಮಗನನ್ನು ನೋಡುತ್ತಿದ್ದ ಕಣ್ಣು ಮಗನ ಮೇಲೆಯೇ ಇರುತ್ತಿತ್ತು. ನೋಟ ಮಾತ್ರ ಹೋಗಿರುತ್ತಿತ್ತು. ಹೇಗೆ ಮಾಡುತ್ತಿದ್ದರೋ, ನನಗೆ ಇವತ್ತಿಗೂ ತಿಳಿದಿಲ್ಲ. ಆ ಸಿನಿಮಾ ಬಿಡುಗಡೆಯಾದದ್ದೇ, ಯಾರ ಸಿನಿಮಾದಲ್ಲಿ ತಾಯಿ ಸಾಯಬೇಕಿದ್ದರೂ ದೇವದುರ್ಗದ ಸೂಗಮ್ಮನನ್ನು ಕರೆಯಿರಿ ಎಂದಾಯಿತು. ಬೆಂಕಿಯಲ್ಲಿ ಸತ್ತರು, ಪ್ರವಾಹದಲ್ಲಿ ಸತ್ತರು, ಖಳನಾಯಕನ ಜೀಪಿಗೆ ಸಿಕ್ಕು ಸತ್ತರು. ಒಂದು ವಾರ ಇಬ್ಬರು ನಾಯಕರ ತಾಯಿಯಾಗಿ ಎರಡು ಕಡೆ ಸತ್ತು, ಭಾನುವಾರ ನಮ್ಮ ಮನೆಗೆ ಊಟಕ್ಕೆ ಬಂದಿದ್ದರು.

ಈಗ ಒಂದು ಪದ್ಧತಿಯ ಬಗ್ಗೆ ಹೇಳಬೇಕು. ದಯವಿಟ್ಟು ಗಮನವಿಟ್ಟು ಕೇಳಿ, ಇವತ್ತು ನಾನು ಇಷ್ಟು ದೂರ ಬಂದು ಮಾತಾಡುತ್ತಿರುವುದೇ ಅದರ ಸಲುವಾಗಿ. ನಮ್ಮ ಸಿನಿಮಾದವರಲ್ಲಿ, ಸತ್ತ ಪಾತ್ರ ಮಾಡಿದವರು ಶಾಟ್ ಮುಗಿದ ಕೂಡಲೇ ಎದ್ದು ಕೂತು ಕ್ಯಾಮೆರಾ ನೋಡಿ ನಗಬೇಕು. ಆ ನಗುವನ್ನೂ ಚಿತ್ರೀಕರಿಸುತ್ತಾರೆ. ಸಿನಿಮಾದಲ್ಲಿ ಅದು ಇರುವುದಿಲ್ಲ, ಕೊನೆಯ ಎಡಿಟಿಂಗಿನಲ್ಲಿ ಕತ್ತರಿಸಿ ಬಿಸಾಡುತ್ತಾರೆ. ಆದರೂ ತೆಗೆಯಲೇಬೇಕು. ಸತ್ತದ್ದು ಸುಳ್ಳು, ಈ ಜೀವ ಇನ್ನೂ ಇದೆ ಎಂದು ಕ್ಯಾಮೆರಾಕ್ಕೆ ಹೇಳಿಬಿಡುವುದು. ಅಪಶಕುನ ಅಲ್ಲಿಗೇ ಕಳೆಯಲಿ ಎಂದು. ಸತ್ತ ಮೇಲೆ ನಗುವ ಶಾಟು.

ಡಬ್ಬಿಂಗ್ ಕೋಣೆಯಲ್ಲಿ ನನ್ನ ಕಿವಿಗೆ ಹೆಡ್‌ಫೋನ್ ಇರುತ್ತದೆ. ಸೆಟ್ಟಿನಲ್ಲಿ ನಟರು ಆಡಿದ ಹಸಿ ದನಿ ಅದರಲ್ಲಿ ಬರುತ್ತದೆ. ಸೂಗಕ್ಕ "ಯಪ್ಪಾ, ನೀ ಉಂಡಿಯಿಲ್ಲೋ" ಎಂದಿರುತ್ತಿದ್ದರು. ಅದರ ಮೇಲೆ ನಾನು "ಮಗೂ, ಊಟ ಮಾಡಿದೆಯಾ" ಎಂದು ಕೂರಿಸಬೇಕು. ತುಟಿ ಎಲ್ಲಿ ಕೂಡಬೇಕು, ಎಲ್ಲಿ ಕೂಡುತ್ತದೆ! ಬೆವರಿಳಿಯುತ್ತಿತ್ತು. ನಾನು ಮಾತಾಡಿದಂತೆಲ್ಲ ಅವರ ದನಿ ಅಳಿಯುತ್ತ ಹೋಗುತ್ತಿತ್ತು. ಅಲ್ಲಿ ಯಂಕೋಬ ಎಂಬ ಆಪರೇಟರ್ ಇದ್ದರು, ಅವರೂ ನಿಮ್ಮ ಕಡೆಯವರೇ. ಒಂದು ದಿನ ಸಾವಿನ ದೃಶ್ಯದ ಡಬ್ಬಿಂಗ್ ಮುಗಿಸಿ ಕಣ್ಣೊರೆಸಿಕೊಳ್ಳುತ್ತಿದ್ದೆ. "ಮೇಡಂ, ಇನ್ನೂ ಸ್ವಲ್ಪ ಅದ ನೋಡ್ರಿ" ಎಂದು ಅವರು ರೀಲನ್ನು ನಿಲ್ಲಿಸದೆ ಹಾಗೇ ಬಿಟ್ಟರು. ತೆರೆಯ ಮೇಲೆ ಸತ್ತ ತಾಯಿ ಎದ್ದು ಕೂತರು. ಮೂಗಿನ ಹತ್ತಿ ಕಿತ್ತರು. "ಅಯ್ಯಯ್ಯ, ಬೆನ್ನು ಹಿಡೀತು ನೋಡ್ರಿ" ಎಂದು ಹೇಳಿ — ನಕ್ಕರು.

ಆ ನಗು — ಅದನ್ನು ಹೇಗೆ ಹೇಳಲಿ? ಇಡೀ ದೇಹ ನಗುತ್ತಿತ್ತು. ಕ್ಯಾಮೆರಾ ಹಿಡಿದವರು ಅಲುಗಾಡಿರಬೇಕು, ಚಿತ್ರವೇ ಅಲ್ಲಾಡುತ್ತಿತ್ತು. ಅಂದಿಗೆ ನಾನು ಅವರನ್ನು ಮುಖತಃ ನೋಡಿರಲಿಲ್ಲ. ಈ ಹೆಂಗಸನ್ನು ನೋಡಲೇಬೇಕು ಎಂದು ಅವರ ರೂಮು ಹುಡುಕಿಕೊಂಡು ಹೋದೆ. ಬಾಗಿಲು ತೆರೆದು ನನ್ನ ಮಾತು ಕೇಳಿದ್ದೇ, "ಓಹೋ, ನನ್ನ ಗಂಟಲು ಬಂತು, ಬರ್ರಿ ಒಳಗ" ಎಂದರು. ಅಂದು ಕೂತವಳು ಪುಂಡಿಪಲ್ಯ ಉಂಡೇ ಎದ್ದೆ. ಅಂದಿನಿಂದ ನಾನು ಅವರಿಗೆ ಅನು, ಅವರು ನನಗೆ ಸೂಗಕ್ಕ. ಆಮೇಲೆ ಪ್ರತಿ ಸಾವಿಗೂ ಯಂಕೋಬಣ್ಣ ಆ ನಗು ಹಾಕಿ ತೋರಿಸುತ್ತಿದ್ದರು. ಅವರ ಎಲ್ಲ ಮಾತಿನ ಮೇಲೂ ನಾನು ಮಾತಾಡಿದ್ದೇನೆ. ಆ ನಗುವಿನ ಮೇಲೆ ಮಾತ್ರ ಮಾತಾಡಬೇಕಾಗಿರಲಿಲ್ಲ. ಅದೊಂದು ಪೂರ್ತಿ ಅವರದೇ ದನಿಯಾಗಿತ್ತು, ಅದನ್ನೇ ಬಿಸಾಡುತ್ತಿದ್ದರು.

ಧಾರಾವಾಹಿಗಳು ಬಂದ ಮೇಲೆ ಅತ್ತೆಯಾದರು. ಎಷ್ಟು ವರ್ಷ ಆ ಸೊಸೆಯನ್ನು ಕಾಡಿದರೋ. ಇದೇ ರಾಯಚೂರಿನ ತರಕಾರಿ ಮಾರ್ಕೆಟ್ಟಿನಲ್ಲಿ ಒಬ್ಬಾಕೆ ಇವರಿಗೆ ಬದನೆಕಾಯಿ ಕೊಡುವುದಿಲ್ಲ ಎಂದು ಕೂತಳಂತೆ. "ಸೊಸೀಗೆ ಅಷ್ಟು ಜೀವ ತಿಂತಿ, ನಿನಗ ಬದನಿಕಾಯಿ ಬ್ಯಾರೆ ಬೇಕಾ?" ಸೂಗಕ್ಕ ಬಿಡುತ್ತಾರೆಯೇ. "ಯವ್ವಾ, ಕಣ್ಣು ಬಿಟ್ಟಾಕಿ ನಾ, ಬೈದಾಕಿ ಬ್ಯಾರೆ. ಆಕಿ ಬೆಂಗಳೂರಾಗ ಅದಾಳ. ಆಕಿಗೆ ಕೊಡಬ್ಯಾಡ, ನನಗ ಕೊಡು." ಕೊನೆಗೆ ಕೊಟ್ಟಳಂತೆ, ಹುಳುಕು ಆರಿಸಿ ಕೊಟ್ಟಳಂತೆ.

ಇನ್ನು ಅವರ ತಾಯಿ. ಬಸವಲಿಂಗಣ್ಣ, ಇದನ್ನು ನೀವೇ ನನಗೆ ಹೇಳಿದ್ದು, ತಪ್ಪಿದರೆ ತಿದ್ದಿ. ಮೊದಲ ಸಿನಿಮಾ ದೇವದುರ್ಗದ ಟಾಕೀಸಿಗೆ ಬಂದಾಗ ಇಡೀ ಓಣಿ ನೋಡಲು ಹೋಯಿತು. ಮಗಳು ತೆರೆಯ ಮೇಲೆ ಸಾಯುತ್ತಿದ್ದಾಳೆ. ಓಣಿಯ ಹೆಂಗಸರೆಲ್ಲ ಸೆರಗು ಬಾಯಿಗೆ ಹಿಡಿದು ಅಳುತ್ತಿದ್ದಾರೆ. ತಾಯಿ ಮಾತ್ರ ಕಡಲೆ ತಿನ್ನುತ್ತ ಕೂತಿದ್ದಾರೆ. ಯಾರೋ ಕೇಳಿದರು, ಏನವ್ವಾ, ನಿನ್ನ ಮಗಳು ಸಾಯಾಕತ್ತಾಳ, ನಿನಗ ಏನೂ ಅನ್ನಿಸಾಂಗಿಲ್ಲಾ? ಅದಕ್ಕೆ ಆ ತಾಯಿ ಹೇಳಿದರು, "ನನ್ನ ಮಗಳ ದನಿ ನನಗ ಗೊತ್ತಿಲ್ಲೇನು? ಸತ್ತಾಕಿ ಯಾವಾಕಿನೋ. ನನ್ನ ಮಗಳು ಗಟ್ಟಿ ಅದಾಳ."

ಎಂಥ ಮಾತು! ಅಂದರೆ ಆ ಲೆಕ್ಕದಲ್ಲಿ ಇಷ್ಟು ವರ್ಷ ಸಿನಿಮಾಗಳಲ್ಲಿ ಸತ್ತವಳು ನಾನು. ಸೂಗಕ್ಕ ಈ ಮಾತು ಹೇಳಿ ಹೇಳಿ ನನ್ನನ್ನು ಗೋಳು ಹೊಯ್ದುಕೊಳ್ಳುತ್ತಿದ್ದರು. ಆದರೆ ಆ ತಾಯಿ ತೀರಿಕೊಂಡಾಗ ಮಗಳು ಇಲ್ಲಿರಲಿಲ್ಲ. ಬೆಂಗಳೂರಿನಲ್ಲಿ ಶೂಟಿಂಗಿನಲ್ಲಿದ್ದರು. ಬಸ್ಸು ಹಿಡಿದು ಬರುವಷ್ಟರಲ್ಲಿ ಮುಗಿದಿತ್ತು. ಅವ್ವ ಕಡೆಗೆ ಏನಂದಳು ಎಂದು ತಮ್ಮನನ್ನು ಕೇಳಿದ್ದರು. ತಮ್ಮ ಏನು ಹೇಳಿದರು ಎಂಬುದನ್ನು ನನಗೆ ಬಂದು ಹೇಳಿ ಅತ್ತರು. ನಾನು ಅವರ ನಿಜವಾದ ಅಳು ಕಂಡದ್ದು ಅದೊಂದೇ ಸಲ. ತಮ್ಮ ಹೇಳಿದ ಮಾತನ್ನು ಸ್ವಲ್ಪ ಹೊತ್ತಿನಲ್ಲಿ ಹೇಳುತ್ತೇನೆ.

ಕೊನೆಯ ಸಿನಿಮಾಕ್ಕೆ ಬರುತ್ತೇನೆ. ಅರಕೇರಾದ ಕುರಿಗಾರರ ಮನೆಯ ಹುಡುಗಿ ಪ್ರಿಯದರ್ಶಿನಿ. ಇದೇ ಯರಗೇರಾದಲ್ಲಿ ಓದಿದವಳು. ಈ ನೆಲದ ಮನೆ, ಈ ನೆಲದ ಮುದುಕಿ, ಈ ನೆಲದ ಮಾತು ಇಟ್ಟುಕೊಂಡು ಒಂದು ಸಿನಿಮಾ ಮಾಡುತ್ತೇನೆ ಎಂದು ಹೊರಟಳು. ಡಬ್ಬಿಂಗ್ ಇಲ್ಲ, ಸೆಟ್ಟಿನಲ್ಲಿ ಆಡಿದ ದನಿಯೇ ಸಿನಿಮಾದಲ್ಲಿ ಇರುತ್ತದೆ. ಸೂಗಕ್ಕ ನನಗೆ ಫೋನು ಮಾಡಿದರು. "ಅನು, ಈ ಸಲ ನಿನಗ ಕೆಲಸ ಇಲ್ಲ. ಖಾಲಿ ಬಂದು ರೊಟ್ಟಿ ಉಂಡು ಹೋಗು." ಆ ದನಿಯಲ್ಲಿದ್ದ ಜಂಬ ನೀವು ಕೇಳಬೇಕಾಗಿತ್ತು. ಮದುವೆಗೆ ಕರೆದಂತೆ ಕರೆದರು. ನಾನು ಬಂದೆ.

ಪೋತ್ನಾಳದಲ್ಲಿ ಒಂದು ಮನೆ ಹಿಡಿದಿದ್ದರು. ಪ್ರಿಯದರ್ಶಿನಿಯ ಅಪ್ಪ ಒಂದು ದೃಶ್ಯಕ್ಕೆಂದು ಕುರಿ ಹೊಡೆದುಕೊಂಡು ಬಂದಿದ್ದರು, ಅವು ಮೈಕಿನ ವೈರಿಗೆ ಬಾಯಿ ಹಾಕಿದವು. ಸೂಗಕ್ಕ ಆ ಹುಡುಗರ ಮಧ್ಯೆ ಹೇಗಿದ್ದರು ಎಂದರೆ — ನಲವತ್ತು ವರ್ಷದ ಅನುಭವ, ಆದರೂ ಹುಡುಗಿ ಇನ್ನೊಂದು ಸಲ ಎಂದರೆ ಇನ್ನೊಂದು ಸಲ. "ಡೈರೆಕ್ಟರ್ ಅಂದ್ರ ಡೈರೆಕ್ಟರ್. ನನ್ನ ಮೊಮ್ಮಗಳ ವಯಸ್ಸಾದ್ರ ಏನಾತು" ಎನ್ನುತ್ತಿದ್ದರು. ಮೊದಲ ದಿನ ಅವರು ತೆರೆಗಾಗಿ ತಮ್ಮದೇ ಮಾತಿನಲ್ಲಿ ಮಾತಾಡಿದಾಗ ನಾನು ಬಾಗಿಲ ಹಿಂದೆ ನಿಂತಿದ್ದೆ. ಅಭ್ಯಾಸಬಲ, ನನ್ನ ತುಟಿಗಳು ತಾವಾಗಿ ಅಲುಗಾಡಿದವು. ಆಮೇಲೆ ನಿಂತವು. ನನಗಿಂತ ಚೆನ್ನಾಗಿ ಮಾತಾಡುತ್ತಿದ್ದರು. ಇದನ್ನು ನಾನು ಹೇಳಬೇಕೆಂದರೆ ಎಷ್ಟು ಚೆನ್ನಾಗಿ ಮಾತಾಡಿರಬೇಕು, ಯೋಚಿಸಿ.

ಆ ಸಿನಿಮಾದ ಕೊನೆಯಲ್ಲೂ ಮುದುಕಿ ಸಾಯಬೇಕು. ಅದನ್ನು ಚಿತ್ರೀಕರಿಸಿದ ದಿನ ಮನೆಯ ಹೊರಗೆ ಊರ ಮಂದಿ ಕಿಕ್ಕಿರಿದು ನಿಂತಿದ್ದರು. ಸತ್ತರು. ಕಟ್ ಎಂದಾಯಿತು. ಸೂಗಕ್ಕ ಎದ್ದು ಹೊರಗೆ ಜಗಲಿಗೆ ಬಂದು ಕೂತು ಮಂಡಕ್ಕಿ ಒಗ್ಗರಣಿ, ಮಿರ್ಚಿ ಭಜಿ ತರಿಸಿಕೊಂಡು ತಿಂದರು. ನಗುವ ಶಾಟು ಆಗಲಿಲ್ಲ. ನಿಂತಿದ್ದ ಮಂದಿಗೆ ಈ ಪದ್ಧತಿ ಗೊತ್ತು, ಸೂಗಕ್ಕನೇ ಎಲ್ಲರಿಗೂ ಹೇಳಿ ನಗಿಸಿದ್ದರು. ನಗಲಿಲ್ಲ ಎಂಬ ಸುದ್ದಿ ಸಂಜೆಗೆ ಮಾನ್ವಿ ಮುಟ್ಟಿತು.

ಆಮೇಲೆ ಕೆಲವೇ ವಾರ. ಸೂಗಕ್ಕ ಮಲಗಿದಲ್ಲೇ ಹೋದರು. ಅವರ ಹೃದಯ ಸರಿ ಇರಲಿಲ್ಲ, ಡಾಕ್ಟರರು ಹೇಳಿದ್ದರು, ಮನೆಯವರಿಗೆ ಗೊತ್ತಿತ್ತು. ಬಸವಲಿಂಗಣ್ಣ, ನಿಮಗೂ ಗೊತ್ತಿತ್ತು. ಆದರೆ ಗೊತ್ತಿರುವುದು ಬೇರೆ, ಮನಸ್ಸು ಹಿಡಿಯುವುದು ಬೇರೆ. ಮಣ್ಣು ಮಾಡಿದ ದಿನ ಪ್ರಿಯದರ್ಶಿನಿ ಬಂದಾಗ ನೀವು ಆಕೆಗೆ ಹೇಳಿದ್ದು ಇಲ್ಲಿ ಬಹಳ ಜನ ಕೇಳಿದ್ದಾರೆ. "ಇಷ್ಟು ವರ್ಷದಾಗ ಯಾರೂ ಮರೆತಿದ್ದಿಲ್ಲವ್ವ. ನೀ ಮರೆತಿ. ನಮ್ಮಕ್ಕ ತನ್ನ ದನಿಲೆ ಸತ್ತಿದ್ದು ಇದೇ ಮೊದಲು, ಅದಕ್ಕೂ ನಗಿಸಲಿಲ್ಲ. ಆ ಸಾವು ಸಿನಿಮಾದಾಗ ಇರಬಾರದು. ತೆಗೆದು ಹಾಕು." ಆ ಹುಡುಗಿ ತಲೆ ತಗ್ಗಿಸಿ, "ತೆಗೀತೀನ್ರಿ ಕಾಕಾ" ಎಂದಳು. ತೆಗೆಯಲು ತಯಾರಾಗಿಯೂ ಇದ್ದಾಳೆ.

ನೀವು ಸಿಟ್ಟಿನವರಲ್ಲ ಎಂದು ನನಗೆ ಗೊತ್ತು. ನಿಮ್ಮ ಮಿಲ್ಲಿನ ಅಕ್ಕಿ ಅಕ್ಕನಿಗೆಂದು ಬೆಂಗಳೂರಿಗೆ ಬರುತ್ತಿತ್ತು, ಅದರಲ್ಲಿ ಅರ್ಧ ನಮ್ಮ ಮನೆಗೆ ಬರುತ್ತಿತ್ತು. ನನ್ನ ಮಕ್ಕಳು ಅದನ್ನು ಉಂಡು ಬೆಳೆದಿದ್ದಾರೆ. ಆ ಋಣದ ಮೇಲೆ ನಿಂತು ಒಂದು ಮಾತು ಹೇಳುತ್ತೇನೆ. ಪ್ರಿಯದರ್ಶಿನಿ ಮರೆತಿರಲಿಲ್ಲ.

ನಾನು ಆ ಕೋಣೆಯಲ್ಲಿದ್ದೆ. ಕಟ್ ಆದ ಮೇಲೆ ಆ ಹುಡುಗಿ ಕ್ಯಾಮೆರಾದವರಿಗೆ ಹಾಗೇ ಇರಿ ಎಂದು ಕೈ ಮಾಡಿ, ಮಂಚದ ಹತ್ತಿರ ಹೋಗಿ, "ಅಜ್ಜಿ, ಈಗ ಒಂದ್ಸಲ ನಗ್ರಿ" ಎಂದಳು. ಸೂಗಕ್ಕ ಬೇಡ ಎಂದು ತಲೆ ಆಡಿಸಿದರು. ಹುಡುಗಿ ಹೆದರಿದಳು. ನನ್ನ ಕಡೆ ನೋಡಿದಳು. ನಾನೂ ಹೆದರಿದೆ — ನಾನೇನು ಇದನ್ನೆಲ್ಲ ನಂಬದ ಧೀರೆಯಲ್ಲ — ನಗು ಸೂಗಕ್ಕಾ, ಸುಮ್ಮನೆ ಹಟ ಮಾಡಬೇಡ ಎಂದೆ. ಆಗ ಅವರು ನನ್ನ ಕೈ ಹಿಡಿದು ಹೇಳಿದರು. ಅವರ ಮಾತನ್ನು ಅವರಂತೆಯೇ ಹೇಳುತ್ತೇನೆ. ಕೇಳಿ.

"ಅನು, ಇಷ್ಟು ದಿನ ಸತ್ತಾಕಿ ನೀ. ನಾ ಬರೇ ಮಲಗಿದ್ದೆ. ಅದಕ್ಕ ಎದ್ದು ನಕ್ಕು, ನಾನಲ್ಲಪ್ಪ, ನನ್ನ ಯಾಕ ನೋಡ್ತಿ, ಅಂತ ಹೇಳ್ತಿದ್ದೆ. ಈ ಸಲ ಮಾತು ನಂದು, ಉಸುರು ನಂದು. ಈಗ ಎದ್ದು ನಕ್ಕರ ಅದು ಸುಳ್ಳಾಗ್ತದ. ಬ್ಯಾಡ. ಇದೊಂದು ಹಂಗೇ ಇರ್ಲಿ."

ಇಷ್ಟೇ. ಇಷ್ಟು ಹೇಳಿ ಹುಡುಗಿಯ ಕೆನ್ನೆ ತಟ್ಟಿ, ಮಿರ್ಚಿ ಬಿಸಿ ಅದಾವೇನು ಕೇಳು ಎಂದು ಜಗಲಿಗೆ ಹೋದರು. ನಾನು ಅಂದು ಹಟ ಎಂದುಕೊಂಡೆ. ಈಗ ಅನ್ನಿಸುತ್ತದೆ, ಅದು ಹಟವಲ್ಲ. ಒಬ್ಬ ಕಲಾವಿದೆ ತನ್ನ ಕೆಲಸ ನೋಡಿ, ಇದು ಸರಿಯಾಯಿತು, ಇದಕ್ಕೆ ಇನ್ನೇನೂ ಸೇರಿಸಬೇಡಿ ಎಂದು ಹೇಳಿದ್ದು. ಇಡೀ ಆಯುಷ್ಯದಲ್ಲಿ ಅವರಿಗೆ ಹಾಗೆ ಹೇಳುವ ಅವಕಾಶ ಸಿಕ್ಕದ್ದು ಅಂದೊಂದೇ ದಿನ.

ಇದನ್ನು ಮನೆಯವರಿಗೆ ಯಾಕೆ ಹೇಳಲಿಲ್ಲ ಎಂದು ಪ್ರಿಯದರ್ಶಿನಿಯನ್ನು ನಾನು ಬೈದೆ. ಆಕೆ ಹೇಳಿದಳು, "ಅವರೇ ಬ್ಯಾಡ ಅಂದ್ರು ಅಂದ್ರ, ಸತ್ತವರ ಮ್ಯಾಲ ತಪ್ಪು ಹಾಕಿದಂಗ ಆಗ್ತದರಿ ಮೇಡಂ. ಕಾಕಾರಿಗೆ ಅಕ್ಕನ ಮ್ಯಾಲ ಸಿಟ್ಟು ಬರೋದು ಬ್ಯಾಡ. ನಾನೇ ಮರೆತೆ ಅಂತ ಇರ್ಲಿ." ಹೀಗೆ ಹೇಳಿದ ಹುಡುಗಿ ಇವತ್ತು ಒಳಗೆ ಬರಲು ಅಂಜಿ ಆ ಹಿಂದಿನ ಬಾಗಿಲ ಹತ್ತಿರ ನಿಂತಿದ್ದಾಳೆ. ಯಾರೂ ತಿರುಗಿ ನೋಡಬೇಡಿ, ಪಾಪ, ಓಡಿಹೋದಾಳು.

ಬಸವಲಿಂಗಣ್ಣ, ನೀವು ಆ ದೃಶ್ಯವನ್ನು ನೋಡಿಲ್ಲ. ನೋಡಲಾರೆ ಎಂದಿರಂತೆ. ನಾನು ಅರ್ಥ ಮಾಡಿಕೊಳ್ಳುತ್ತೇನೆ. ನೋಡಬೇಡಿ. ಆದರೆ ಅದರಲ್ಲಿ ಏನಿದೆ ಎಂಬುದನ್ನಾದರೂ ಕೇಳಿ. ಪ್ರಿಯದರ್ಶಿನಿ ಮುದುಕಿಗೆ ಕೊನೆಯ ಮಾತು ಎಂದು ಒಂದು ದೊಡ್ಡ ಮಾತು ಬರೆದಿದ್ದಳು. ಮಣ್ಣಿನ ಬಗ್ಗೆ, ಬೇರಿನ ಬಗ್ಗೆ, ಚೆನ್ನಾಗಿಯೇ ಇತ್ತು. ಸೂಗಕ್ಕ ಅದನ್ನು ಆಡಲಿಲ್ಲ. ಸೊಸೆಯ ಪಾತ್ರದವಳು ಬಗ್ಗಿ ಬಾಯಿಗೆ ನೀರು ಬಿಡುತ್ತಿದ್ದಾಳೆ, ಇವರು ಅವಳ ಭುಜದ ಆಚೆ ಅಡುಗೆಮನೆಯ ಕಡೆ ನೋಡಿ, ಮೆಲ್ಲಗೆ ಹೇಳಿದ್ದು ಇಷ್ಟು —

"ಹಾಲು ಉಕ್ಕಾಕತ್ತಾವ, ನೋಡ್ರಿ ಯಾರರೆ."

ಹೌದಣ್ಣ. ನಿಮ್ಮ ಅವ್ವ ಕಡೆಗೆ ಆಡಿದ ಮಾತು. ನೀವು ಅಕ್ಕನಿಗೆ ಹೇಳಿದ ಮಾತು. ಆ ಮಾತು ಕೇಳಲು ಅವ್ವನ ಹತ್ತಿರ ಇರಲಿಲ್ಲವಲ್ಲ ಎಂಬ ನೋವು ಅವರಿಗೆ ಇತ್ತು. ಅದನ್ನು ಇಷ್ಟು ವರ್ಷ ಒಳಗೆ ಇಟ್ಟುಕೊಂಡಿದ್ದರು. ನನ್ನ ಬಾಯಿಂದ ಆಡಿಸುವ ಮಾತಲ್ಲ ಅದು, ನನ್ನ ಮೈಸೂರು ಕನ್ನಡಕ್ಕೆ ಅದು ದಕ್ಕುವ ಮಾತಲ್ಲ. ತಮ್ಮದೇ ದನಿ ಸಿಕ್ಕ ದಿನ ಅದನ್ನು ಆಡಿದರು. ಆ ದೃಶ್ಯ ತೆಗೆದು ಹಾಕಿದರೆ ಅಕ್ಕನೂ ಹೋಗುತ್ತಾರೆ, ಅವ್ವನೂ ಹೋಗುತ್ತಾರೆ. ಉಳಿಯುವುದು ನನ್ನ ದನಿ ಅಂಟಿಸಿದ ಹಳೆಯ ಸಾವುಗಳು ಮಾತ್ರ. ನನಗೆ ಅದು ಬೇಡ. ಆ ದೃಶ್ಯ ಇರಲಿ ಎಂದು ಹೇಳಬೇಕೋ ಬೇಡವೋ, ಅದು ನಿಮಗೆ ಬಿಟ್ಟದ್ದು. ನಿಮ್ಮ ಒಪ್ಪಿಗೆ ಇಲ್ಲದೆ ಆಕೆ ಇಡುವುದಿಲ್ಲ, ನಾನೂ ಇಡು ಎನ್ನುವುದಿಲ್ಲ.

ನನ್ನ ಮಾತು ಮುಗಿಯಿತು. ಸೂಗಕ್ಕನ ಪರವಾಗಿ ನಾನು ಜೀವಮಾನವಿಡೀ ಮಾತಾಡಿದ್ದೇನೆ. ಅವರು ನಕ್ಕಾಗ ಮಾತ್ರ ಸುಮ್ಮನಿದ್ದೆ, ಸುಮ್ಮನೆ ಕೇಳಿದೆ. ಇವತ್ತು ಮತ್ತೆ ಸುಮ್ಮನಾಗುತ್ತೇನೆ. ನೀವೂ ನನ್ನ ಜೊತೆ ಸುಮ್ಮನಾಗಿ. ಅವರ ನಗು ಕೇಳಿದವರು ಅದನ್ನು ನೆನೆಸಿಕೊಳ್ಳಿ. ಕೇಳದವರು ಪಕ್ಕದವರನ್ನು ಆಮೇಲೆ ಕೇಳಿ.

ಆ ಪಂಖಾ ಸ್ವಲ್ಪ ಬಂದ್ ಮಾಡಿಸಿ, ಬಹಳ ಸದ್ದು ಮಾಡುತ್ತಿದೆ. ಹಾಂ. ದಯವಿಟ್ಟು ಎಲ್ಲರೂ ಎದ್ದು ನಿಲ್ಲಬೇಕು. ವಯಸ್ಸಾದವರು ಕೂತೇ ಇರಿ, ಸೂಗಕ್ಕ ಬೇಜಾರು ಮಾಡಿಕೊಳ್ಳುವುದಿಲ್ಲ. ಬಸವಲಿಂಗಣ್ಣ, ನೀವು ಇಲ್ಲಿ, ವೇದಿಕೆಯ ಹತ್ತಿರ ನಿಂತರೂ ಸರಿ, ಅಥವಾ —

— ದಾರಿ ಬಿಡಿ. ಮಧ್ಯದಲ್ಲಿ ನಿಂತವರು ಸ್ವಲ್ಪ ಸರಿಯಿರಿ. ಆ ಕುರ್ಚಿ ಪಕ್ಕಕ್ಕೆ ಎಳೆಯಿರಿ. ಬಸವಲಿಂಗಣ್ಣ ಹಿಂದಿನ ಬಾಗಿಲ ತನಕ ಹೋಗಬೇಕಾಗಿದೆ. ಪ್ರಿಯದರ್ಶಿನಿ, ಅಲ್ಲೇ ನಿಲ್ಲಮ್ಮಾ, ಎಲ್ಲಿಗೂ ಹೋಗಬೇಡ. ಅವರು ನಿನ್ನ ಪಕ್ಕಕ್ಕೆ ಬಂದು ನಿಲ್ಲುವವರೆಗೆ ನಾವೆಲ್ಲ ಕಾಯೋಣ. ಆಮೇಲೆ ಮೌನ.